ಬಳ್ಳಾರಿ ರಾಘವ: ರಂಗನಟನ ಮೂರು ಚಲನಚಿತ್ರಗಳು

ದಕ್ಷಿಣ ಭಾರತದ ಆಧುನಿಕ ರಂಗಭೂಮಿಯ ಚರಿತ್ರೆಯಲ್ಲಿ ಬಳ್ಳಾರಿ ನಗರದ ಹೆಸರು ಒಬ್ಬ ನಟನ ಹೆಸರಿನೊಂದಿಗೆ ಬೆಸೆದುಕೊಂಡಿದೆ. ತಾಡಪತ್ರಿ ರಾಘವಾಚಾರ್ಯ ಎಂಬುದು ಆ ನಟರ ಪೂರ್ಣ ಹೆಸರಾದರೂ, ತಾವು ಬಾಳಿ ಬೆಳಗಿದ ಊರಿನ ಹೆಸರನ್ನೇ ಮುಂದಿಟ್ಟುಕೊಂಡು ಅವರು 'ಬಳ್ಳಾರಿ ರಾಘವ' ಎಂದೇ ಲೋಕಪ್ರಸಿದ್ಧರಾದರು. ವೃತ್ತಿಯಿಂದ ವಕೀಲರಾಗಿ, ಪ್ರವೃತ್ತಿಯಿಂದ ನಟರಾಗಿ, ತೆಲುಗು, ಕನ್ನಡ, ಇಂಗ್ಲಿಷ್ ಹಾಗೂ ಹಿಂದಿ ಭಾಷೆಗಳ ರಂಗದ ಮೇಲೆ ಸಮಾನ ಅಧಿಕಾರದಿಂದ ಅಭಿನಯಿಸಿದ ಅವರ ಸಾಧನೆಯನ್ನು ಕುರಿತು ಸಾಕಷ್ಟು ಬರಹಗಳು ಬಂದಿವೆ. ಆದರೆ ಆ ಬರಹಗಳಲ್ಲಿ ಬಹುತೇಕ ಎಲ್ಲವೂ ಒಂದು ಸಂಗತಿಯನ್ನು ಒಂದೆರಡು ವಾಕ್ಯಗಳಲ್ಲಿ ಮುಗಿಸಿಬಿಡುತ್ತವೆ. 1936ರಿಂದ 1940ರವರೆಗಿನ ಅವಧಿಯಲ್ಲಿ ರಾಘವರು ಮೂರು ಚಲನಚಿತ್ರಗಳಲ್ಲಿ ಅಭಿನಯಿಸಿದರು ಎಂಬುದೇ ಆ ಸಂಗತಿ.

ಈ ಮೂರು ಚಿತ್ರಗಳನ್ನು ರಾಘವರ ಬದುಕಿನ ಅಡಿಟಿಪ್ಪಣಿಯೆಂದು ಬದಿಗಿಡುವುದು ಸರಿಯಲ್ಲವೆಂಬುದು ಪ್ರಸ್ತುತ ಲೇಖನದ ನಿಲುವು. ಅಭಿನಯವನ್ನು ಕುರಿತು ಅವರು ಜೀವನದುದ್ದಕ್ಕೂ ಪ್ರತಿಪಾದಿಸಿದ ವಿಚಾರಗಳು ಹೊಸ ಮಾಧ್ಯಮದ ಎದುರು ಪರೀಕ್ಷೆಗೆ ಒಳಗಾದದ್ದು ಈ ಚಿತ್ರಗಳಲ್ಲಿ. ಹಾಗೆಯೇ ಎರಡು ಭಾಷೆಗಳ ನಡುವೆ ಬದುಕಿದ ಒಂದು ಪ್ರದೇಶದ ಕಲಾವಿದನನ್ನು ಮುಂದಿನ ಕಾಲದ ಚರಿತ್ರಕಾರರು ಹೇಗೆ ಹಂಚಿಕೊಂಡರು, ಎಷ್ಟನ್ನು ಕಳೆದುಕೊಂಡರು ಎಂಬುದಕ್ಕೂ ಇವು ನಿದರ್ಶನಗಳಾಗಿವೆ.

ಎರಡು ಸಭೆಗಳ ಊರು

ರಾಘವರು ಜನಿಸಿದ್ದು 1880ರ ಆಗಸ್ಟ್ 2ರಂದು, ತಾಡಪತ್ರಿಯಲ್ಲಿ. ಇಂದು ತಾಡಪತ್ರಿ ಆಂಧ್ರಪ್ರದೇಶದ ಅನಂತಪುರ ಜಿಲ್ಲೆಗೆ ಸೇರಿದೆ. ಆದರೆ ಅನಂತಪುರವು ಪ್ರತ್ಯೇಕ ಜಿಲ್ಲೆಯಾದದ್ದು 1882ರಲ್ಲಿ. ಅದಕ್ಕೆ ಮೊದಲು ಆ ಭಾಗವೆಲ್ಲ ಬಳ್ಳಾರಿ ಜಿಲ್ಲೆಯದೇ ಆಗಿತ್ತು. ಆದ್ದರಿಂದ ಜನನದಿಂದಲೂ ರಾಘವರು ಬಳ್ಳಾರಿ ಜಿಲ್ಲೆಯವರೇ. ತಂದೆ ನರಸಿಂಹಾಚಾರ್ಯರು ಬಳ್ಳಾರಿಯ ಪ್ರೌಢಶಾಲೆಯಲ್ಲಿ ತೆಲುಗು ಪಂಡಿತರಾಗಿದ್ದರು. ರಾಘವರ ಬಾಲ್ಯ ಮತ್ತು ಶಾಲಾ ಶಿಕ್ಷಣ ಬಳ್ಳಾರಿಯಲ್ಲಿ, ಪದವಿ ಶಿಕ್ಷಣ ಮದರಾಸಿನ ಕ್ರಿಶ್ಚಿಯನ್ ಕಾಲೇಜಿನಲ್ಲಿ, ಕಾನೂನು ಶಿಕ್ಷಣವೂ ಮದರಾಸಿನಲ್ಲಿಯೇ ನಡೆಯಿತು. ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ ಬಳ್ಳಾರಿಗೆ ಮರಳಿ ವಕೀಲಿ ಆರಂಭಿಸಿದ ಅವರು ಕ್ರಿಮಿನಲ್ ಮೊಕದ್ದಮೆಗಳಲ್ಲಿ ಹೆಸರು ಗಳಿಸಿದರು. ಸರ್ಕಾರಿ ಅಭಿಯೋಜಕರಾಗಿಯೂ ಕೆಲಸಮಾಡಿದರು.

ಅವರು ಬೆಳೆದ ಕಾಲದ ಬಳ್ಳಾರಿ ನಾಟಕದ ಊರಾಗಿತ್ತು. ರಾಘವರ ಸೋದರಮಾವ ಧರ್ಮವರಂ ರಾಮಕೃಷ್ಣಮಾಚಾರ್ಯರು (1853–1912) ಸ್ವತಃ ವಕೀಲರು. 'ಸರಸ ವಿನೋದಿನಿ ಸಭಾ' ಎಂಬ ನಾಟಕ ಸಂಸ್ಥೆಯನ್ನು ಕಟ್ಟಿ, ತಾವೇ ನಾಟಕಗಳನ್ನು ರಚಿಸಿ, ತಾವೇ ಮುಖ್ಯಪಾತ್ರಗಳನ್ನು ವಹಿಸಿದವರು. ತೆಲುಗು ಸಾಹಿತ್ಯ ಚರಿತ್ರೆ ಅವರನ್ನು ಆಂಧ್ರ ನಾಟಕ ಪಿತಾಮಹರೆಂದು ಗೌರವಿಸಿದೆ. ಅದೇ ಊರಿನ ಮತ್ತೊಬ್ಬ ವಕೀಲರಾದ ಕೋಲಾಚಲಂ ಶ್ರೀನಿವಾಸರಾಯರು (1854–1919) ಹಂಪಿಯ ಸಮೀಪದ ಕಮಲಾಪುರದಲ್ಲಿ ಜನಿಸಿದವರು. 'ಸುಮನೋರಮಾ ಸಭಾ'ದ ಆಧಾರಸ್ತಂಭವಾಗಿದ್ದವರು. ಐತಿಹಾಸಿಕ ನಾಟಕಗಳ ರಚನೆಯಲ್ಲಿ ಅವರದು ಮೊದಲಿಗರ ಸ್ಥಾನ. ಒಂದೇ ಊರಿನಲ್ಲಿ ಎರಡು ಹವ್ಯಾಸಿ ಸಭೆಗಳು ಪೈಪೋಟಿಯಿಂದ ನಾಟಕಗಳನ್ನು ಆಡುತ್ತಿದ್ದುದು, ಅವೆರಡರ ನಾಯಕರೂ ನ್ಯಾಯಾಲಯದ ವಕೀಲರೇ ಆಗಿದ್ದುದು ಗಮನಾರ್ಹ. ನಾಟಕವೆಂದರೆ ಹೊಟ್ಟೆಪಾಡಿನ ಕಸುಬು ಎಂಬ ಭಾವನೆ ಬಲವಾಗಿದ್ದ ಕಾಲದಲ್ಲಿ ವಿದ್ಯಾವಂತರು, ಗೌರವಸ್ಥರು ಬಣ್ಣ ಹಚ್ಚುವ ಪರಂಪರೆಯೊಂದು ಬಳ್ಳಾರಿಯಲ್ಲಿ ರೂಪುಗೊಂಡಿತ್ತು.

ಈ ಸಭೆಗಳಿಗೂ ಚಲನಚಿತ್ರಕ್ಕೂ ಇರುವ ಒಂದು ನಂಟನ್ನು ಇಲ್ಲಿಯೇ ಹೇಳಬೇಕು. ತೆಲುಗಿನ ಮೊದಲ ಪೂರ್ಣ ಪ್ರಮಾಣದ ವಾಕ್ಚಿತ್ರವೆಂದು ಪರಿಗಣಿತವಾದ, ಎಚ್.ಎಂ. ರೆಡ್ಡಿಯವರ ನಿರ್ದೇಶನದ 'ಭಕ್ತ ಪ್ರಹ್ಲಾದ' (1932) ಸುರಭಿ ನಾಟಕ ಮಂಡಳಿಯವರು ಆಡುತ್ತಿದ್ದ ನಾಟಕವನ್ನು ಆಧರಿಸಿದ್ದು. ಆ ನಾಟಕದ ಕರ್ತೃ ಧರ್ಮವರಂ ರಾಮಕೃಷ್ಣಮಾಚಾರ್ಯರು. ಅಂದರೆ ರಾಘವರು ಕ್ಯಾಮೆರಾದ ಮುಂದೆ ನಿಲ್ಲುವುದಕ್ಕೆ ನಾಲ್ಕು ವರ್ಷ ಮೊದಲೇ ಅವರ ಸೋದರಮಾವನ ನಾಟಕ ಬೆಳ್ಳಿತೆರೆಯನ್ನು ಏರಿತ್ತು.

ಬಯಲಾಟದ ಕೌರವ, ರಾಘವರ ಕೌರವ

ನಗರದಲ್ಲಿ ಸಭೆಗಳ ನಾಟಕಗಳು ನಡೆಯುತ್ತಿದ್ದಂತೆಯೇ ಸುತ್ತಲಿನ ಹಳ್ಳಿಗಳಲ್ಲಿ ಬೇರೊಂದು ರಂಗಪರಂಪರೆ ಜೀವಂತವಾಗಿತ್ತು. ಉತ್ತರಕ್ಕೆ ತುಂಗಭದ್ರೆಯ ತೀರದ ಸಿರುಗುಪ್ಪ ಸೀಮೆ. ವಾಯವ್ಯಕ್ಕೆ, ಹನ್ನೆರಡನೆಯ ಶತಮಾನದಲ್ಲಿ ಸಿಂದರ ರಾಜಧಾನಿಯಾಗಿದ್ದು ಇಂದು ದೊಡ್ಡಬಸವೇಶ್ವರನ ಬೃಹತ್ ನಂದಿಯಿಂದ ಹೆಸರಾಗಿರುವ ಕುರುಗೋಡು. ಈ ಭಾಗದ ಊರುಗಳಲ್ಲಿ ಸುಗ್ಗಿ ಮುಗಿದ ಮೇಲೆ, ಜಾತ್ರೆ ಹಬ್ಬಗಳ ಸಂದರ್ಭದಲ್ಲಿ ಅಟ್ಟ ಕಟ್ಟಿ ರಾತ್ರಿಯಿಡೀ ದೊಡ್ಡಾಟ ಆಡುವುದು ವಾಡಿಕೆ. ಭಾಗವತನ ಹಾಡು, ಮದ್ದಳೆ ತಾಳಗಳ ಹಿಮ್ಮೇಳ, ವೇಷದಾರಿಯನ್ನು 'ತಾವಾರು' ಎಂದು ವಿಚಾರಿಸುವ ಸಾರಥಿ, ಕಿರೀಟ ಭುಜಕೀರ್ತಿಗಳನ್ನು ಧರಿಸಿ ಅಟ್ಟ ನಡುಗುವಂತೆ ಹೆಜ್ಜೆ ಹಾಕುವ ಕೌರವ, ಕೀಚಕ, ಹಿರಣ್ಯಕಶಿಪು ಮೊದಲಾದ ಪಾತ್ರಗಳು ಅದರ ಜೀವಾಳ. ಅಬ್ಬರವೇ ಅಲ್ಲಿಯ ಸೌಂದರ್ಯ. ಸಾವಿರಾರು ಜನ ಸೇರುವ ಬಯಲಿನಲ್ಲಿ, ದೀವಟಿಗೆಯ ಬೆಳಕಿನಲ್ಲಿ, ಕೊನೆಯ ಸಾಲಿನ ಪ್ರೇಕ್ಷಕನಿಗೂ ಪಾತ್ರ ತಲುಪಬೇಕಾದರೆ ದನಿಯೂ ಚಲನೆಯೂ ಹಿಗ್ಗಲೇಬೇಕು.

ರಾಘವರು ರಂಗದ ಮೇಲೆ ಪ್ರಸಿದ್ಧರಾದ ಪೌರಾಣಿಕ ಪಾತ್ರಗಳೂ ಹೆಚ್ಚುಕಡಿಮೆ ಇವೇ: ದುರ್ಯೋಧನ, ಕೀಚಕ, ಹಿರಣ್ಯಕಶಿಪು. ಬಳ್ಳಾರಿ ಸೀಮೆಯ ಪ್ರೇಕ್ಷಕನಿಗೆ ಈ ಪಾತ್ರಗಳು ಹೊಸವಲ್ಲ; ಆದರೆ ರಾಘವರು ಅವನ್ನು ಕಟ್ಟಿದ ರೀತಿ ಹೊಸದು. ಹಳ್ಳಿಯ ಆಟದಲ್ಲಿ ಕೌರವನ ಕೋಪ ಪಾದದಲ್ಲಿ, ಭುಜದಲ್ಲಿ, ಕಂಠದಲ್ಲಿ ಪ್ರಕಟವಾದರೆ ರಾಘವರ ದುರ್ಯೋಧನನಲ್ಲಿ ಅದು ಕಣ್ಣಿನಲ್ಲಿ, ಮಾತಿನ ನಡುವಿನ ಮೌನದಲ್ಲಿ ಪ್ರಕಟವಾಗುತ್ತಿತ್ತು. ಪಾತ್ರದ ಒಳಮನಸ್ಸನ್ನು ಅರಿತು, ಆ ಮನಸ್ಸಿಗೆ ತಕ್ಕಂತೆ ಮುಖ, ದನಿ, ನಿಲುವುಗಳನ್ನು ಹೊಂದಿಸುವುದೇ ಅಭಿನಯವೆಂಬುದು ಅವರ ನಂಬಿಕೆ. ವಿದ್ಯಾರ್ಥಿ ದೆಸೆಯಿಂದಲೇ ಶೇಕ್ಸ್‌ಪಿಯರನ ನಾಟಕಗಳನ್ನು ಆಡಿ, ಶೈಲಾಕ್, ಒಥೆಲೊ, ಹ್ಯಾಮ್ಲೆಟ್ ಪಾತ್ರಗಳನ್ನು ಅಧ್ಯಯನ ಮಾಡಿದ್ದರ ಪ್ರಭಾವ ಇದರ ಹಿಂದಿದೆ. ಕೋಲಾಚಲಂ ಅವರ 'ರಾಮರಾಜು ಚರಿತ್ರ' ವಿಜಯನಗರದ ಪತನವನ್ನು ವಸ್ತುವಾಗಿ ಉಳ್ಳ ನಾಟಕ. ಅದರಲ್ಲಿ ರಾಘವರು ಆರಿಸಿಕೊಂಡದ್ದು ರಾಜನ ಪಾತ್ರವನ್ನಲ್ಲ, ಪಠಾಣ ರುಸ್ತುಮನ ಪಾತ್ರವನ್ನು. ಅವರ ಕೀರ್ತಿಗೆ ಬಹುಮಟ್ಟಿಗೆ ಕಾರಣವಾದ ಪಾತ್ರಗಳಲ್ಲಿ ಅದೂ ಒಂದು.

ಈ ನಂಬಿಕೆಯ ಸಹಜ ಫಲವಾಗಿ ರಾಘವರು ಅಂದಿನ ರಂಗಭೂಮಿಯ ಎರಡು ರೂಢಿಗಳನ್ನು ವಿರೋಧಿಸಿದರು. ಮೊದಲನೆಯದು, ಸಂದರ್ಭವಿರಲಿ ಇಲ್ಲದಿರಲಿ, ರಾಗ ಎಳೆದು ಪದ್ಯ ಹಾಡುವ ರೂಢಿ. ಸಾಯುವ ಪಾತ್ರವೂ 'ವನ್ಸ್ ಮೋರ್' ಎಂಬ ಕೂಗಿಗೆ ಎದ್ದು ಮತ್ತೆ ಹಾಡುತ್ತಿದ್ದ ಕಾಲವದು. ರಾಘವರು ಮಾತಿಗೆ ಮತ್ತು ಮುಖಕ್ಕೆ ಪ್ರಾಧಾನ್ಯ ನೀಡಿ ಹಾಡನ್ನು ಹಿಂದಕ್ಕೆ ಸರಿಸಿದರು. ಎರಡನೆಯದು, ಸ್ತ್ರೀಪಾತ್ರಗಳನ್ನು ಪುರುಷರೇ ವಹಿಸುವ ರೂಢಿ. ವಿದ್ಯಾವಂತ ಕುಟುಂಬಗಳ ಮಹಿಳೆಯರು ರಂಗಕ್ಕೆ ಬರಬೇಕೆಂದು ಅವರು ವಾದಿಸಿದರು. ಕೊಮ್ಮೂರಿ ಪದ್ಮಾವತೀದೇವಿಯಂಥವರೊಡನೆ ಅಭಿನಯಿಸಿ ಆ ವಾದವನ್ನು ಆಚರಣೆಗೂ ತಂದರು. ಪಿ.ವಿ. ರಾಜಮನ್ನಾರ್ ಅವರ 'ತಪ್ಪೆವರಿದಿ' ಎಂಬ ಸಾಮಾಜಿಕ ನಾಟಕವನ್ನು ರಂಗಕ್ಕೆ ತಂದದ್ದು ಇದೇ ದಾರಿಯ ಮುಂದಿನ ಹೆಜ್ಜೆ. ತಮ್ಮ ತಂಡದ ನಾಟಕಗಳ ಮಟ್ಟಿಗೆ ಅವರು ನಟರಷ್ಟೇ ಅಲ್ಲ, ಪಾತ್ರ ಹಂಚಿ, ಮಾತು ತಿದ್ದಿ, ಚಲನೆ ಕಲಿಸುವ ನಿರ್ದೇಶಕರೂ ಆಗಿದ್ದರು. 1920ರ ದಶಕದ ಕೊನೆಯಲ್ಲಿ ಇಂಗ್ಲೆಂಡಿಗೆ ಹೋಗಿ ಅಲ್ಲಿಯ ರಂಗಭೂಮಿಯನ್ನು ಕಣ್ಣಾರೆ ಕಂಡು, ಬರ್ನಾರ್ಡ್ ಷಾ ಅವರನ್ನು ಭೇಟಿಮಾಡಿ ಬಂದರು.

ಈ ಹಿನ್ನೆಲೆಯಲ್ಲಿ ನೋಡಿದರೆ ರಾಘವರ ಅಭಿನಯ ಚಲನಚಿತ್ರಕ್ಕೆಂದೇ ರೂಪುಗೊಂಡಂತೆ ತೋರುತ್ತದೆ. ಕ್ಯಾಮೆರಾ ಬಯಸುವುದು ಅಬ್ಬರವನ್ನಲ್ಲ, ಮಿತವಾದ ಮುಖಭಾವವನ್ನು. ಸಮೀಪ ಚಿತ್ರಿಕೆಯಲ್ಲಿ ಕಣ್ಣಿನ ಒಂದು ಚಲನೆ ರಂಗದ ಮೇಲಿನ ಹತ್ತು ಹೆಜ್ಜೆಗಳಿಗೆ ಸಮ. ಹಾಗಿದ್ದೂ ಅವರ ಚಿತ್ರಜೀವನ ಮೂರೇ ಚಿತ್ರಗಳಿಗೆ ನಿಂತದ್ದೇಕೆ? ಉತ್ತರವನ್ನು ಆ ಚಿತ್ರಗಳಲ್ಲಿಯೇ ಹುಡುಕಬೇಕು.

ಒಂದೇ ವರ್ಷ, ಇಬ್ಬರು ದ್ರೌಪದಿಯರು

ಭಾರತದ ಮೊದಲ ವಾಕ್ಚಿತ್ರ 'ಆಲಂ ಆರಾ' ಬಿಡುಗಡೆಯಾದದ್ದು 1931ರಲ್ಲಿ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' ತೆರೆಕಂಡದ್ದು 1934ರಲ್ಲಿ. ಅಂದಿನ ವಾಕ್ಚಿತ್ರಗಳು ರಂಗಭೂಮಿಯಿಂದ ಕಥೆಯನ್ನು, ನಟರನ್ನು, ಸಂಗೀತವನ್ನು, ಕೆಲವೊಮ್ಮೆ ಪರದೆಗಳನ್ನೂ ಎರವಲು ತಂದವು. ಹಿನ್ನೆಲೆ ಗಾಯನದ ಸೌಲಭ್ಯ ದಕ್ಷಿಣದಲ್ಲಿ ಇನ್ನೂ ರೂಢಿಗೆ ಬಂದಿರಲಿಲ್ಲ. ಧ್ವನಿಗ್ರಾಹಕದ ಎದುರು ನಿಂತು ನಟನೇ ಹಾಡಬೇಕು. ವಾದ್ಯಗಾರರು ಕ್ಯಾಮೆರಾದ ಕಣ್ಣಿಗೆ ಬೀಳದಂತೆ ಕುಳಿತು ನುಡಿಸಬೇಕು. ಹೀಗಾಗಿ ಕಂಠವಿದ್ದವನೇ ನಾಯಕ ಎಂಬ ರಂಗಭೂಮಿಯ ನಿಯಮ ಚಿತ್ರರಂಗದಲ್ಲಿ ಇನ್ನಷ್ಟು ಬಿಗಿಯಾಯಿತು. ಪ್ರೇಕ್ಷಕನೂ ಹಾಡುಗಳ ಸಂಖ್ಯೆಯನ್ನು ನೋಡಿಯೇ ಚಿತ್ರವನ್ನು ಅಳೆಯುತ್ತಿದ್ದ.

ಇಂಥ ಸಂದರ್ಭದಲ್ಲಿ, 1936ರಲ್ಲಿ, ತೆಲುಗಿನಲ್ಲಿ ಒಂದೇ ಕಥೆಯ ಎರಡು ಚಿತ್ರಗಳು ಏಕಕಾಲಕ್ಕೆ ಸಿದ್ಧವಾದವು. ಒಂದು, ಎಚ್.ವಿ. ಬಾಬು ನಿರ್ದೇಶಿಸಿದ 'ದ್ರೌಪದಿ ವಸ್ತ್ರಾಪಹರಣಂ'. ಇನ್ನೊಂದು, ಎನ್. ಜಗನ್ನಾಥಸ್ವಾಮಿ ನಿರ್ದೇಶಿಸಿದ 'ದ್ರೌಪದಿ ಮಾನಸಂರಕ್ಷಣಂ'. ಎರಡನೆಯದರಲ್ಲಿ ದುರ್ಯೋಧನನಾಗಿ ಅಭಿನಯಿಸುವ ಮೂಲಕ ರಾಘವರು ಚಿತ್ರರಂಗವನ್ನು ಪ್ರವೇಶಿಸಿದರು. ಕೃಷ್ಣನ ಪಾತ್ರದಲ್ಲಿ ಬಂದಾ ಕನಕಲಿಂಗೇಶ್ವರರಾಯರಿದ್ದರು. ಪ್ರತಿಸ್ಪರ್ಧಿ ಚಿತ್ರದಲ್ಲಿ ಯಡವಲ್ಲಿ ಸೂರ್ಯನಾರಾಯಣರ ದುರ್ಯೋಧನ, ಸಿ.ಎಸ್.ಆರ್. ಆಂಜನೇಯುಲು ಅವರ ಕೃಷ್ಣ, ಕಣ್ಣಾಂಬಾ ಅವರ ದ್ರೌಪದಿ. ಇವರೆಲ್ಲ ಪದ್ಯಗಾಯನಕ್ಕೆ, ವಾಚಿಕದ ಭರಾಟೆಗೆ ಹೆಸರಾದ ಕಲಾವಿದರು. ಗೆದ್ದದ್ದು 'ವಸ್ತ್ರಾಪಹರಣಂ', ರಾಘವರ ಚಿತ್ರ ಸೋತಿತು.

ಈ ಸೋಲನ್ನು ಒಬ್ಬ ನಟನ ಸೋಲೆಂದು ಭಾವಿಸುವುದು ಅವಸರದ ತೀರ್ಮಾನವಾದೀತು. ಚಿತ್ರವೊಂದರ ಯಶಸ್ಸಿಗೆ ಹಣ, ಹಂಚಿಕೆ, ತಾಂತ್ರಿಕ ಗುಣಮಟ್ಟ, ಬಿಡುಗಡೆಯ ಸಮಯ ಮೊದಲಾದ ಹಲವು ಕಾರಣಗಳಿರುತ್ತವೆ. ಆದರೂ ಎರಡು ಚಿತ್ರಗಳ ಪಾತ್ರವರ್ಗವನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದಾಗ, ಪೌರಾಣಿಕ ಚಿತ್ರಕ್ಕೆ ಬರುತ್ತಿದ್ದ ಪ್ರೇಕ್ಷಕ ಏನನ್ನು ಬಯಸಿ ಬರುತ್ತಿದ್ದನೆಂಬುದು ಸ್ಪಷ್ಟವಾಗುತ್ತದೆ. ಆತ ರಂಗದ ಮೇಲೆ ಕೇಳಿ ಮೆಚ್ಚಿದ ಪದ್ಯಗಳನ್ನು ತೆರೆಯ ಮೇಲೆ ಮತ್ತೊಮ್ಮೆ ಕೇಳಲು ಬರುತ್ತಿದ್ದ. ಹಾಡನ್ನು ಹಿಂದಕ್ಕೆ ಸರಿಸಿದ ನಟನಿಗೆ ಹಾಡನ್ನೇ ಬಂಡವಾಳ ಮಾಡಿಕೊಂಡ ಮಾಧ್ಯಮದಲ್ಲಿ ಸ್ಥಳ ಕಿರಿದಾಗಿತ್ತು. ಪೌರಾಣಿಕ ಪಾತ್ರವನ್ನು ಸಹಜತೆಗೆ ಇಳಿಸಿದ ಅವರ ಸಾಧನೆ ರಂಗಭೂಮಿಯಲ್ಲಿ ಕ್ರಾಂತಿಯೆನಿಸಿದರೆ, ಚಿತ್ರರಂಗ ಅದನ್ನು ಸ್ವೀಕರಿಸಲು ಇನ್ನೂ ಸಜ್ಜಾಗಿರಲಿಲ್ಲ.

'ರೈತುಬಿಡ್ಡ'

ರಾಘವರ ಅಭಿನಯಕ್ಕೆ ತಕ್ಕ ವಸ್ತು ದೊರೆತದ್ದು ಎರಡನೆಯ ಚಿತ್ರದಲ್ಲಿ. ಗೂಡವಲ್ಲಿ ರಾಮಬ್ರಹ್ಮಂ ಪತ್ರಕರ್ತರಾಗಿ, ರಾಷ್ಟ್ರೀಯ ಚಳವಳಿಯ ಒಲವುಳ್ಳವರಾಗಿ ಚಿತ್ರರಂಗಕ್ಕೆ ಬಂದವರು. ಸಾರಥಿ ಫಿಲ್ಮ್ಸ್ ಸಂಸ್ಥೆಗಾಗಿ ಅವರು 1938ರಲ್ಲಿ ಅಸ್ಪೃಶ್ಯತೆಯನ್ನು ವಸ್ತುವಾಗಿಸಿಕೊಂಡ 'ಮಾಲಪಿಲ್ಲ'ವನ್ನು, 1939ರಲ್ಲಿ ರೈತನ ಬವಣೆಯನ್ನು ವಸ್ತುವಾಗಿಸಿಕೊಂಡ 'ರೈತುಬಿಡ್ಡ'ವನ್ನು ನಿರ್ದೇಶಿಸಿದರು. 'ರೈತುಬಿಡ್ಡ' ಎಂದರೆ ರೈತನ ಮಗು. ಇದರಲ್ಲಿ ರಾಘವರದು ನರಸಿರೆಡ್ಡಿ ಎಂಬ ಸಣ್ಣ ಹಿಡುವಳಿದಾರನ ಪಾತ್ರ. ಸಾಲಕ್ಕೆ ಸಿಲುಕಿದ ಈ ರೈತ ಚುನಾವಣೆಯಲ್ಲಿ ಜಮೀನ್ದಾರನ ಕಡೆಯ ಅಭ್ಯರ್ಥಿಗೆ ಮತ ಹಾಕದೆ ರೈತರ ಅಭ್ಯರ್ಥಿಗೆ ಮತ ಹಾಕುತ್ತಾನೆ. ಅದರ ಫಲವಾಗಿ ಅವನ ಮನೆತನ ಕಿರುಕುಳಕ್ಕೆ ಗುರಿಯಾಗುತ್ತದೆ. ತಂಗುಟೂರಿ ಸೂರ್ಯಕುಮಾರಿ, ಕೊಮ್ಮೂರಿ ಪದ್ಮಾವತೀದೇವಿ ಮೊದಲಾದವರು ಚಿತ್ರದಲ್ಲಿದ್ದರು. ಜನಪದ ಧಾಟಿಯ ರಚನೆಗಳಿಗೆ ಮುಂದೆ ಬಹಳ ಪ್ರಸಿದ್ಧರಾದ ಕೊಸರಾಜು ಅವರು ಚಿತ್ರಗೀತೆಗಳನ್ನು ಬರೆಯತೊಡಗಿದ್ದು ಇದರಿಂದಲೇ.

ವಸ್ತುವಿನ ಕಾಲಸಂದರ್ಭವನ್ನು ಗಮನಿಸಬೇಕು. 1937ರ ಚುನಾವಣೆಯಲ್ಲಿ ಮದರಾಸು ಪ್ರಾಂತದಲ್ಲಿ ಕಾಂಗ್ರೆಸ್ ಗೆದ್ದು, ಜಮೀನ್ದಾರರ ಬೆಂಬಲದ ಜಸ್ಟಿಸ್ ಪಕ್ಷ ನೆಲಕಚ್ಚಿತ್ತು. ಕರಾವಳಿ ಆಂಧ್ರದಲ್ಲಿ ರೈತ ಚಳವಳಿ ತೀವ್ರವಾಗಿತ್ತು. ಚಿತ್ರಸಂಸ್ಥೆಗೆ ಬೆಂಬಲವಾಗಿ ನಿಂತವರು ಸ್ವತಃ ಚಲ್ಲಪಲ್ಲಿಯ ಜಮೀನ್ದಾರರಾಗಿದ್ದುದು ಈ ಕಥೆಯ ಒಂದು ವಿಪರ್ಯಾಸ. ಇತರ ಜಮೀನ್ದಾರರು ಚಿತ್ರವನ್ನು ತೀವ್ರವಾಗಿ ವಿರೋಧಿಸಿದರು. ಕೆಲವು ಪ್ರದೇಶಗಳಲ್ಲಿ ಅದರ ಪ್ರದರ್ಶನವೇ ನಿಷೇಧಕ್ಕೆ ಒಳಗಾಯಿತು. ದಕ್ಷಿಣ ಭಾರತದ ಸಾಮಾಜಿಕ ಚಿತ್ರಗಳ ಚರಿತ್ರೆಯಲ್ಲಿ 'ರೈತುಬಿಡ್ಡ' ಇಂದಿಗೂ ಉಲ್ಲೇಖಗೊಳ್ಳುವುದು ಈ ಧೈರ್ಯಕ್ಕಾಗಿ.

ಬಳ್ಳಾರಿಯ ದೃಷ್ಟಿಯಿಂದ ಇಲ್ಲಿ ಗಮನಿಸಬೇಕಾದ ವಿಶೇಷವೊಂದಿದೆ. 1800ರಲ್ಲಿ ನಿಜಾಮರಿಂದ ಇಂಗ್ಲಿಷರಿಗೆ ಬಿಟ್ಟುಕೊಡಲಾದ 'ದತ್ತಮಂಡಲ'ಗಳಲ್ಲಿ ಬಳ್ಳಾರಿಯೂ ಒಂದು. ಅದರ ಮೊದಲ ಪ್ರಧಾನ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ ಇಲ್ಲಿ ಬೇರೂರಿಸಿದ್ದು ರೈತವಾರಿ ಪದ್ಧತಿ. ಕರಾವಳಿಯಲ್ಲಿದ್ದಂತೆ ರೈತನಿಗೂ ಸರ್ಕಾರಕ್ಕೂ ನಡುವೆ ಜಮೀನ್ದಾರನಿರಲಿಲ್ಲ. ರೈತ ನೇರವಾಗಿ ಸರ್ಕಾರಕ್ಕೆ ಕಂದಾಯ ಕಟ್ಟುತ್ತಿದ್ದ. ಆದರೆ ಜಮೀನ್ದಾರನಿಲ್ಲದ ನೆಲದಲ್ಲಿ ಸಾಲವಿಲ್ಲ ಎಂದಾಗಲಿಲ್ಲ. ತುಂಗಭದ್ರಾ ಅಣೆಕಟ್ಟಿನ ನೀರು ಕಾಲುವೆಗಳಿಗೆ ಹರಿದದ್ದು 1953ರಲ್ಲಿ. ಅದಕ್ಕೆ ಮೊದಲು, ವಿಜಯನಗರ ಕಾಲದ ಕೆಲವು ಹಳೆಯ ಕಾಲುವೆಗಳ ಅಂಚಿನ ಜಮೀನುಗಳನ್ನು ಬಿಟ್ಟರೆ, ಇಂದು ಭತ್ತದ ಕಣಜವೆನಿಸಿರುವ ಸಿರುಗುಪ್ಪ ಸೀಮೆಯ ಬಹುಭಾಗವೂ ಕುರುಗೋಡಿನ ಎರೆಹೊಲಗಳೂ ಮಳೆಯನ್ನೇ ನಂಬಿ ಹತ್ತಿ, ಜೋಳ ಬೆಳೆಯುತ್ತಿದ್ದವು. 1876–78ರ ಮಹಾಕ್ಷಾಮದಲ್ಲಿ ಅತಿ ಹೆಚ್ಚು ನೊಂದ ಜಿಲ್ಲೆಗಳಲ್ಲಿ ಬಳ್ಳಾರಿಯೂ ಒಂದು. ಮಳೆ ತಪ್ಪಿದ ವರ್ಷ ಸಾಹುಕಾರನ ಬಾಗಿಲು, ಕಂದಾಯದ ಕಂತು, ಕೊನೆಗೆ ಬಳ್ಳಾರಿಯ ನ್ಯಾಯಾಲಯದ ಕಟ್ಟೆ: ಇದು ಈ ಭಾಗದ ರೈತ ಅರಿತಿದ್ದ ದಾರಿ.

ಆ ನ್ಯಾಯಾಲಯದಲ್ಲಿ ಮೂರು ದಶಕಗಳಿಗೂ ಮಿಕ್ಕಿ ವಾದಿಸಿದ ವಕೀಲರೊಬ್ಬರು, ತಮ್ಮ ಐವತ್ತೊಂಬತ್ತನೆಯ ವಯಸ್ಸಿನಲ್ಲಿ, ಸಾಲಗಾರ ರೈತನ ಪಾತ್ರವನ್ನು ವಹಿಸಿದರೆಂಬುದನ್ನು ಈ ಹಿನ್ನೆಲೆಯಲ್ಲಿ ಗ್ರಹಿಸಬೇಕು. ನರಸಿರೆಡ್ಡಿಗೆ ಕಿರೀಟವಿಲ್ಲ, ಭುಜಕೀರ್ತಿಯಿಲ್ಲ, ಪುರಾಣದ ಬೆಂಬಲವಿಲ್ಲ. ಅವನ ಸ್ವಾಭಿಮಾನ ಪ್ರಕಟವಾಗಬೇಕಾದದ್ದು ಮಾತಿನ ಮಿತಿಯಲ್ಲಿ, ಸಹನೆಯಲ್ಲಿ. ದುರ್ಯೋಧನನಲ್ಲಿ ಪ್ರೇಕ್ಷಕ ನಿರೀಕ್ಷಿಸದಿದ್ದ ಸಹಜತೆ ನರಸಿರೆಡ್ಡಿಯಲ್ಲಿ ಅನಿವಾರ್ಯವಾಗಿತ್ತು. ರಾಘವರ ಅಭಿನಯ ತತ್ತ್ವಕ್ಕೂ ಚಲನಚಿತ್ರ ಮಾಧ್ಯಮಕ್ಕೂ ನಿಜವಾದ ಹೊಂದಾಣಿಕೆ ಏರ್ಪಟ್ಟದ್ದು ಈ ಚಿತ್ರದಲ್ಲಿ ಎನ್ನಬಹುದು. ಅವರ ಚಿತ್ರಜೀವನದ ಕೇಂದ್ರವೂ ಇದೇ.

'ಚಂಡಿಕಾ' ಮತ್ತು ನಿರ್ಗಮನ

ಮೂರನೆಯ ಮತ್ತು ಕೊನೆಯ ಚಿತ್ರ 1940ರ 'ಚಂಡಿಕಾ'. ದಕ್ಷಿಣದ ಮೂಕಿಚಿತ್ರ ಯುಗದ ಪ್ರವರ್ತಕರಲ್ಲಿ ಒಬ್ಬರಾದ ಆರ್.ಎಸ್. ಪ್ರಕಾಶ್ ಇದರ ನಿರ್ದೇಶಕರು. ಶೀರ್ಷಿಕೆಯ ಪಾತ್ರದಲ್ಲಿ ಕಣ್ಣಾಂಬಾ, ಇತರ ಮುಖ್ಯ ಪಾತ್ರಗಳಲ್ಲಿ ವೇಮೂರಿ ಗಗ್ಗಯ್ಯ ಮತ್ತು ರಾಘವರು. ನಾಲ್ಕು ವರ್ಷಗಳ ಹಿಂದೆ ಪ್ರತಿಸ್ಪರ್ಧಿ ಚಿತ್ರದ ದ್ರೌಪದಿಯಾಗಿದ್ದ ಕಣ್ಣಾಂಬಾ ಅವರೊಂದಿಗೆ ರಾಘವರು ಇಲ್ಲಿ ಒಂದೇ ತೆರೆಯನ್ನು ಹಂಚಿಕೊಂಡರು. ಇದಾದ ಮೇಲೆ ಅವರು ಮತ್ತೆ ಚಿತ್ರದಲ್ಲಿ ಅಭಿನಯಿಸಲಿಲ್ಲ. 1946ರ ಏಪ್ರಿಲ್ 16ರಂದು ನಿಧನರಾದರು.

ನಿರ್ಗಮನದ ಕಾರಣಗಳನ್ನು ಅವರ ಬದುಕಿನ ಸ್ವರೂಪದಿಂದಲೇ ತಿಳಿಯಬಹುದು. ರಾಘವರು ಕೊನೆಯವರೆಗೂ ಹವ್ಯಾಸಿ. ನಾಟಕದಿಂದ ಹಣ ಗಳಿಸುವುದು ಅವರ ಉದ್ದೇಶವಾಗಿರಲಿಲ್ಲ. ಅನ್ನ ನೀಡುತ್ತಿದ್ದುದು ವಕೀಲಿ. ನಾಟಕಕ್ಕಾದರೆ ಸಂಜೆಯ ಹೊತ್ತು ಸಾಕು. ಚಲನಚಿತ್ರ ತಿಂಗಳುಗಟ್ಟಲೆ ಊರು ಬಿಟ್ಟಿರುವುದನ್ನು ಬೇಡುತ್ತದೆ. ಬಳ್ಳಾರಿಯಲ್ಲಿ ಸ್ಟುಡಿಯೋ ಇರಲಿಲ್ಲ; ದಕ್ಷಿಣದ ಚಿತ್ರೋದ್ಯಮ ಮದರಾಸಿನಲ್ಲಿ ನೆಲೆಗೊಂಡಿತ್ತು. ಅಲ್ಲದೆ, ರಂಗದ ಮೇಲೆ ತಾವೇ ನಿರ್ದೇಶಕರಾಗಿ ಇಡೀ ನಾಟಕದ ಸೂತ್ರ ಹಿಡಿಯುತ್ತಿದ್ದವರಿಗೆ ಚಿತ್ರದಲ್ಲಿ ಆ ಅಧಿಕಾರವಿಲ್ಲ. ಕಥೆಯ ಕೊನೆಯ ದೃಶ್ಯವನ್ನು ಮೊದಲ ದಿನ, ಮೊದಲ ದೃಶ್ಯವನ್ನು ಕೊನೆಯ ದಿನ ಚಿತ್ರೀಕರಿಸುವ ಪದ್ಧತಿಯಲ್ಲಿ ಪಾತ್ರವನ್ನು ಹಂತಹಂತವಾಗಿ ಬೆಳೆಸುವ ರಂಗನಟನ ಸುಖವೂ ಇಲ್ಲ; ಎದುರಿಗೆ ಕುಳಿತು ಉಸಿರು ಬಿಗಿಹಿಡಿದು ನೋಡುವ ಪ್ರೇಕ್ಷಕನೂ ಇಲ್ಲ. ನಟನ ಕಲೆ ತಂತ್ರಜ್ಞರ ಕೈಯಲ್ಲಿ ತುಂಡುತುಂಡಾಗಿ, ಮತ್ತೆ ಜೋಡಣೆಗೊಂಡು ಹೊರಬರುವ ಈ ಕ್ರಮ ಅರವತ್ತು ವರ್ಷದ ರಂಗನಟನಿಗೆ ಒಗ್ಗದಿದ್ದರೆ ಆಶ್ಚರ್ಯವಿಲ್ಲ.

ಯಾರ ನಟ?

ಕೊನೆಯದಾಗಿ, ರಾಘವರ ಚಿತ್ರಗಳು ಕನ್ನಡ ಸಂಶೋಧಕರ ಗಮನದಿಂದ ದೂರ ಉಳಿದದ್ದೇಕೆಂಬ ಪ್ರಶ್ನೆ. ಉತ್ತರ ಸರಳ: ಆ ಮೂರೂ ತೆಲುಗು ಚಿತ್ರಗಳು. ಭಾಷೆಯನ್ನು ಅಳತೆಗೋಲಾಗಿ ಇಟ್ಟುಕೊಂಡ ಕನ್ನಡ ಚಲನಚಿತ್ರ ಚರಿತ್ರೆಯಲ್ಲಿ ಅವಕ್ಕೆ ಸ್ಥಳವಿಲ್ಲ. ಇದೇ ಅಳತೆಗೋಲಿನಿಂದ, ನೆಲ್ಲೂರು ಮೂಲದ ವೈ.ವಿ. ರಾವ್ ಅವರು ಕೊಲ್ಹಾಪುರದಲ್ಲಿ ಚಿತ್ರೀಕರಿಸಿದ 'ಸತಿ ಸುಲೋಚನ' ನಮ್ಮ ಚಿತ್ರಚರಿತ್ರೆಯ ಮೊದಲ ಪುಟವಾಗಿದೆ. ಅದು ತಪ್ಪೆಂದು ಯಾರೂ ಹೇಳಲಾರರು. ಆದರೆ ಚಿತ್ರದ ಭಾಷೆಯೊಂದನ್ನೇ ನೋಡಿದಾಗ ಕಲಾವಿದ ಬೆಳೆದ ನೆಲ ಕಣ್ಮರೆಯಾಗುತ್ತದೆ ಎಂಬುದನ್ನು ಮಾತ್ರ ಮರೆಯಬಾರದು. 1930ರ ದಶಕದಲ್ಲಿ ತಯಾರಾದ ಕನ್ನಡ ಚಿತ್ರಗಳು ಬೆರಳೆಣಿಕೆಯಷ್ಟು. ಮದರಾಸು ಪ್ರಾಂತದ ಗಡಿಜಿಲ್ಲೆಯ ನಟನೊಬ್ಬನಿಗೆ ತೆಲುಗಿನ ಕರೆ ಮೊದಲು ಬಂದುದರಲ್ಲಿ ವಿಶೇಷವೇನೂ ಇಲ್ಲ.

ತೆಲುಗಿನ ಚರಿತ್ರಕಾರರು ರಾಘವರನ್ನು ತಮ್ಮವರೆಂದು ಗೌರವಿಸಿದ್ದಾರೆ; ಆ ಗೌರವ ಯೋಗ್ಯವಾದುದೇ. ಆದರೆ ಅಲ್ಲಿಯೂ ಅವರ ಕನ್ನಡದ ಮುಖ ಮಸುಕಾಗಿದೆ. ಬೆಂಗಳೂರಿನ ಹವ್ಯಾಸಿ ನಾಟಕ ವಲಯದೊಂದಿಗೆ ಅವರಿಗಿದ್ದ ಸಂಬಂಧ, ಕನ್ನಡದಲ್ಲಿ ಅವರು ಮಾಡಿದ ಪಾತ್ರಗಳು, ಬಳ್ಳಾರಿ ತಾಲ್ಲೂಕಿನ ಜೋಳದರಾಶಿಯ ದೊಡ್ಡನಗೌಡರಂಥ (1910–1994) ನಟ, ಗಮಕಿ, ನಾಟಕಕಾರರ ಮೇಲೆ ಅವರ ಒಡನಾಟ ಬೀರಿದ ಪ್ರಭಾವ, ಇವೆಲ್ಲ ಕನ್ನಡ ರಂಗಭೂಮಿಯ ಸೊತ್ತು. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮತ್ತು ಸಿರುಗುಪ್ಪ ಮೈಸೂರು ರಾಜ್ಯಕ್ಕೆ ಸೇರಿದವು. ಆದೋನಿ, ಆಲೂರು, ರಾಯದುರ್ಗಗಳು ಆಂಧ್ರಕ್ಕೆ ಉಳಿದವು. ನಕ್ಷೆಯ ಮೇಲಿನ ಆ ಗೆರೆ ಅದಕ್ಕಿಂತ ಏಳು ವರ್ಷ ಮೊದಲು ತೀರಿಕೊಂಡ ನಟನನ್ನೂ ಹಿಂದಿನಿಂದ ಹೋಗಿ ಸೀಳಿತು. ಎರಡು ಭಾಷೆಗಳಲ್ಲಿ ಒಟ್ಟಾಗಿ ಬಾಳಿದ ಬದುಕನ್ನು ಎರಡು ಅರ್ಧಗಳಾಗಿ ಓದುವ ಅಭ್ಯಾಸ ಅಂದಿನಿಂದ ಬೆಳೆಯಿತು.

ರಾಘವರ ಸ್ಮರಣೆ ಬಳ್ಳಾರಿಯಲ್ಲಿ ಅಳಿದಿಲ್ಲ. ಅವರ ಹೆಸರಿನ ಸ್ಮಾರಕ ಸಂಘವಿದೆ, ರಾಘವ ಕಲಾಮಂದಿರವಿದೆ. ಭಾರತೀಯ ಅಂಚೆ ಇಲಾಖೆ 1981ರಲ್ಲಿ ಅವರ ಸ್ಮಾರಕ ಅಂಚೆಚೀಟಿಯನ್ನು ಹೊರತಂದಿದೆ. ಆದರೆ ಸ್ಮರಣೆ ಬೇರೆ, ಅಧ್ಯಯನ ಬೇರೆ. ರಂಗಕಲೆ ಪರದೆ ಬಿದ್ದೊಡನೆ ಮರೆಯಾಗುವಂಥದು. ಅವರ ರುಸ್ತುಂ, ಅವರ ಹಿರಣ್ಯಕಶಿಪು ನೋಡಿದವರ ನೆನಪಿನಲ್ಲಿ ಮಾತ್ರ ಉಳಿದು, ಅವರೊಂದಿಗೇ ಅಳಿದವು. ರಾಘವರ ಅಭಿನಯ ಯಂತ್ರದ ಕಣ್ಣಿಗೆ ಬಿದ್ದು ಅಚ್ಚಾದದ್ದು ಈ ಮೂರು ಚಿತ್ರಗಳಲ್ಲಿ. ಅಂದಿನ ಚಿತ್ರಸುರುಳಿಗಳು ಬೇಗ ಹೊತ್ತಿಕೊಳ್ಳುವ, ಬೇಗ ಕೊಳೆಯುವ ನೈಟ್ರೇಟಿನವು. ಆ ಕಾಲದ ಅನೇಕ ದಕ್ಷಿಣ ಭಾರತೀಯ ಚಿತ್ರಗಳು ಹೀಗೆ ನಾಶವಾಗಿವೆ. 'ಸತಿ ಸುಲೋಚನ'ದ ಪ್ರತಿಯೂ ಉಳಿದಿಲ್ಲ.

ಆದ್ದರಿಂದ ಈ ಮೂರು ಚಿತ್ರಗಳ ಸುರುಳಿಗಳು, ಹಾಡಿನ ಪುಸ್ತಕಗಳು, ಜಾಹೀರಾತುಗಳು, ಅಂದಿನ ಪತ್ರಿಕಾ ವಿಮರ್ಶೆಗಳು ಎಲ್ಲಿ ಎಷ್ಟು ಉಳಿದಿದ್ದರೂ ಅವನ್ನು ಸಂಗ್ರಹಿಸುವ ಹೊಣೆ ತೆಲುಗಿನವರದು ಮಾತ್ರವಲ್ಲ, ನಮ್ಮದೂ ಹೌದು. ಬಳ್ಳಾರಿಯ ರಂಗಚರಿತ್ರೆಯನ್ನು ಬರೆಯುವವರು ತೆಲುಗು ಆಕರಗಳನ್ನೂ, ತೆಲುಗು ಚಿತ್ರಚರಿತ್ರೆಯನ್ನು ಬರೆಯುವವರು ಬಳ್ಳಾರಿಯ ಕನ್ನಡ ಆಕರಗಳನ್ನೂ ಓದುವಂತಾದರೆ ಈ ನಟನ ಪೂರ್ಣ ಚಿತ್ರ ಮೂಡೀತು. ಸಿರುಗುಪ್ಪ, ಕುರುಗೋಡುಗಳ ಅಟ್ಟದ ಮೇಲಿನ ಕೌರವನಿಂದ ಹಿಡಿದು ಮದರಾಸಿನ 'ರೈತುಬಿಡ್ಡ'ದ ನರಸಿರೆಡ್ಡಿಯವರೆಗೆ ಹರಿದು ಬಂದ ಅಭಿನಯದ ದಾರಿಯೊಂದು ಈ ಸೀಮೆಯ ಮೂಲಕವೇ ಹಾದುಹೋಗಿದೆ. ಅದನ್ನು ಗುರುತಿಸದೆ ಕರ್ನಾಟಕದ ಚಲನಚಿತ್ರ ಚರಿತ್ರೆಯ ಪೂರ್ವಪೀಠಿಕೆ ಸಂಪೂರ್ಣವಾಗಲಾರದು.